ಮನೆಸಾಲ: ಕಂತಿನಾಚೆಯ ಲೆಕ್ಕ

ಮನೆಸಾಲಕ್ಕೆಂದು ಬ್ಯಾಂಕಿಗೆ ಹೋದವರು ಕೇಳುವ ಮೊದಲ ಪ್ರಶ್ನೆ ಕುಂದಾಪುರದಲ್ಲೂ ಅದೇ, ಬೈಂದೂರಿನಲ್ಲೂ ಅದೇ: "ತಿಂಗ್ಳಿಗೆ ಎಷ್ಟ್ ಕಟ್ಕ್?" ಮ್ಯಾನೇಜರರು ಒಂದು ಮೊತ್ತ ಹೇಳುತ್ತಾರೆ. ಅದು ಸಂಬಳಕ್ಕೆ ಹೊಂದಿದರೆ ಮಾತು ಮುಗಿಯಿತು. ಹೆಚ್ಚಾಯಿತು ಎಂದರೆ ಅವಧಿಯನ್ನು ಐದೋ ಹತ್ತೋ ವರ್ಷ ಹಿಗ್ಗಿಸಿ ಕಂತು ಇಳಿಸಿಕೊಡುತ್ತಾರೆ. ಉಪಕಾರದಂತೆ ಕಾಣುವ ಈ ಇಳಿಕೆಯಲ್ಲೇ ಮನೆಸಾಲದ ಅತಿ ದೊಡ್ಡ ಖರ್ಚು ಇರುವುದು. ಅದನ್ನು ಬಿಡಿಸಿ ನೋಡುವುದು ಈ ಅಧ್ಯಾಯದ ಕೆಲಸ.

ಬ್ರಹ್ಮಾವರದ ಆಸುಪಾಸಿನಲ್ಲಿ ಐದು ಸೆಂಟ್ಸ್ ಜಾಗ, ಅದರಲ್ಲಿ ಎರಡು ಕೋಣೆಯ ಮನೆ ಎಂದಿಟ್ಟುಕೊಳ್ಳಿ. ಸಾಲ 30 ಲಕ್ಷ, ಬಡ್ಡಿ ಶೇ. 8.5, ಅವಧಿ 20 ವರ್ಷ. ತಿಂಗಳ ಕಂತು 26,035 ರೂಪಾಯಿ. ಮೊದಲ ತಿಂಗಳು ಕಟ್ಟುವ ಈ ಹಣದಲ್ಲಿ 21,250 ರೂಪಾಯಿ ಬಡ್ಡಿಗೇ ಹೋಗುತ್ತದೆ. ಅಸಲಿಗೆ ಜಮಾ ಆಗುವುದು 4,785. ಎರಡನೆಯ ತಿಂಗಳು ಅಸಲಿನ ಪಾಲು 34 ರೂಪಾಯಿಯಷ್ಟು ಹೆಚ್ಚುತ್ತದೆ, ಬಡ್ಡಿಯ ಪಾಲು ಅಷ್ಟೇ ಇಳಿಯುತ್ತದೆ. ಹೀಗೆ ಕಟ್ಟುತ್ತಾ ಹೋದರೆ ಮೊದಲ ವರ್ಷದ ಕೊನೆಗೆ ಕಟ್ಟಿದ ಹಣ 3.12 ಲಕ್ಷ, ಸಾಲ ಇಳಿದದ್ದು 60 ಸಾವಿರಕ್ಕೂ ತುಸು ಕಡಿಮೆ. ಹತ್ತು ವರ್ಷ ಒಂದು ಕಂತೂ ತಪ್ಪಿಸದೆ ಕಟ್ಟಿದವರು ಒಟ್ಟು 31.24 ಲಕ್ಷ ಕಟ್ಟಿರುತ್ತಾರೆ. ಪಡೆದ ಸಾಲಕ್ಕಿಂತ ಹೆಚ್ಚು ಕಟ್ಟಿದರೂ ಬಾಕಿ ಇನ್ನೂ 21 ಲಕ್ಷ ಉಳಿದಿರುತ್ತದೆ. ಅಸಲು ಅರ್ಧಕ್ಕೆ ಇಳಿಯಬೇಕಾದರೆ 13 ವರ್ಷ 10 ತಿಂಗಳು ಬೇಕು. ಸಾಲ ಪೂರ್ತಿ ತೀರುವ ಹೊತ್ತಿಗೆ ಕಟ್ಟಿದ್ದು 62.48 ಲಕ್ಷ.

ಇದರಲ್ಲಿ ಬ್ಯಾಂಕಿನ ಮೋಸವೇನೂ ಇಲ್ಲ. ಉಳಿದಿರುವ ಸಾಲದ ಮೇಲೆ ತಿಂಗಳು ತಿಂಗಳು ಬಡ್ಡಿ ಬೀಳುತ್ತದೆ, ಮೊದಮೊದಲು ಸಾಲ ದೊಡ್ಡದಿರುವುದರಿಂದ ಬಡ್ಡಿಯೂ ದೊಡ್ಡದು, ಅಷ್ಟೇ. ಆದರೆ ಈ ಲೆಕ್ಕ ಗೊತ್ತಿಲ್ಲದವರು ಐದು ವರ್ಷ ಕಟ್ಟಿದ ಮೇಲೆ ಪಾಸ್‌ಬುಕ್ ನೋಡಿ ಕಂಗಾಲಾಗುತ್ತಾರೆ.

ಇನ್ನು ಅವಧಿಯ ಮಾತು. ಅದೇ 30 ಲಕ್ಷವನ್ನು 30 ವರ್ಷಕ್ಕೆ ಹಿಗ್ಗಿಸಿದರೆ ಕಂತು 23,067ಕ್ಕೆ ಇಳಿಯುತ್ತದೆ. ತಿಂಗಳಿಗೆ ಮೂರು ಸಾವಿರದಷ್ಟು ಹಗುರ. ಅದಕ್ಕೆ ತೆರುವ ಬೆಲೆ 20.5 ಲಕ್ಷಕ್ಕೂ ಹೆಚ್ಚಿನ ಬಡ್ಡಿ. ಒಟ್ಟು ಕಟ್ಟುವುದು 83 ಲಕ್ಷ. ತಿರುಗಿಸಿ 15 ವರ್ಷಕ್ಕೆ ಇಳಿಸಿದರೆ ಕಂತು 29,542. ತಿಂಗಳಿಗೆ ಮೂರೂವರೆ ಸಾವಿರ ಹೆಚ್ಚು ಹೊರೆ, ಆದರೆ 9.3 ಲಕ್ಷ ಉಳಿತಾಯ. ಬಡ್ಡಿ ದರದಲ್ಲಿ ಕಾಲು ಪರ್ಸೆಂಟ್ ಕಡಿಮೆ ಮಾಡಿಸಲು ನಾಲ್ಕು ಬ್ಯಾಂಕು ಸುತ್ತುವ ನಾವು ಅವಧಿಯನ್ನು ಮಾತ್ರ ಅವರು ಹೇಳಿದಂತೆ ಒಪ್ಪಿಕೊಂಡು ಬರುತ್ತೇವೆ. ನನ್ನ ದೃಷ್ಟಿಯಲ್ಲಿ ಚೌಕಾಸಿ ಮಾಡಬೇಕಾದ್ದು ಅವಧಿಯ ಬಗ್ಗೆ, ಅದೂ ಮೊದಲು ನಮ್ಮೊಂದಿಗೆ ನಾವೇ.

ಒಂದು ಆಕ್ಷೇಪ ನ್ಯಾಯವಾದದ್ದು. 20 ವರ್ಷದ ನಂತರದ 26 ಸಾವಿರಕ್ಕೆ ಇಂದಿನ 26 ಸಾವಿರದ ಬೆಲೆ ಇರುವುದಿಲ್ಲ, ಹಾಗಾಗಿ 62 ಲಕ್ಷ ಎಂದು ಹೆದರಬೇಕಿಲ್ಲ ಎನ್ನುತ್ತಾರೆ. ವರ್ಷವರ್ಷ ಸಂಬಳ ಏರುವ ಶಿಕ್ಷಕರಿಗೆ, ಬ್ಯಾಂಕು ನೌಕರರಿಗೆ ಇದು ನಿಜ. ಗಂಗೊಳ್ಳಿಯ ಬೋಟಿನಲ್ಲಿ ಪಾಲಿಗೆ ದುಡಿಯುವವರಿಗೆ, ಬೆಂಗಳೂರಿನ ಹೋಟೆಲಿನಲ್ಲಿ ಸಪ್ಲೈಗೆ ನಿಂತವರಿಗೆ, ಅಡಿಕೆ-ತೆಂಗಿನ ಧಾರಣೆ ನಂಬಿದವರಿಗೆ ಇದೇ ಧೈರ್ಯ ಹೇಳಲಾಗದು. ಅವರ ಆದಾಯ ಏರುವುದೂ ಉಂಟು, ಎರಡು ವರ್ಷ ಇಳಿಯುವುದೂ ಉಂಟು. ಕಂತು ಮಾತ್ರ ಇಳಿಯುವುದಿಲ್ಲ.

ಮಳೆಗಾಲದ ಬಡ್ಡಿ

ಕರಾವಳಿಯಲ್ಲಿ ಮನೆ ಕಟ್ಟುವವರಿಗೆ ಘಟ್ಟದ ಮೇಲಿನವರಿಗಿಲ್ಲದ ಒಂದು ಖರ್ಚಿದೆ. ಬ್ಯಾಂಕು ಸಾಲವನ್ನು ಒಟ್ಟಿಗೆ ಕೊಡುವುದಿಲ್ಲ. ಪಂಚಾಂಗ (ತಳಪಾಯ) ಆದಾಗ ಒಂದಿಷ್ಟು, ಕೆಂಪುಕಲ್ಲಿನ ಗೋಡೆ ಎದ್ದಾಗ ಒಂದಿಷ್ಟು, ಸ್ಲ್ಯಾಬ್ ಹಾಕಿದಾಗ ಒಂದಿಷ್ಟು, ಹೀಗೆ ಕೆಲಸ ನೋಡಿ ಬಿಡುಗಡೆ ಮಾಡುತ್ತದೆ. ಪೂರ್ತಿ ಸಾಲ ಬಿಡುಗಡೆಯಾಗುವವರೆಗೆ ಸಾಮಾನ್ಯವಾಗಿ ಪಡೆದಷ್ಟು ಹಣಕ್ಕೆ ಬರೀ ಬಡ್ಡಿ ಕಟ್ಟಬೇಕು, ಅಸಲು ಒಂದು ರೂಪಾಯಿಯೂ ಕರಗುವುದಿಲ್ಲ. ಮೇ ತಿಂಗಳೊಳಗೆ ಸ್ಲ್ಯಾಬ್ ಆಗದೆ ಉಳಿದರೆ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಬಹುಪಾಲು ಕೆಲಸ ನಿಂತಂತೆಯೇ. ಅಷ್ಟರಲ್ಲಿ 15 ಲಕ್ಷ ಪಡೆದಿದ್ದರೆ ತಿಂಗಳಿಗೆ 10,625 ರೂಪಾಯಿಯಂತೆ ನಾಲ್ಕು ತಿಂಗಳಿಗೆ 42,500 ರೂಪಾಯಿ ಬಡ್ಡಿ, ಜತೆಗೆ ಈಗಿರುವ ಮನೆಯ ಬಾಡಿಗೆ. ಆದ್ದರಿಂದ ದೀಪಾವಳಿ ಕಳೆದೊಡನೆ ಕೆಲಸ ಹಿಡಿಯುವುದು, ಗೋಡೆಗೆ ಬೇಕಾದ ಹಣವನ್ನು ಕಲ್ಲು ತರಿಸುವ ಹೊತ್ತಿಗೇ ಕೇಳುವುದು ಒಳ್ಳೆಯದು. ಜನವರಿಯಲ್ಲಿ ಬೇಡದ ಹಣವನ್ನು ಜನವರಿಯಲ್ಲಿ ಪಡೆಯಬಾರದು.

ಮೀನುಗಾರರಿಗೆ ಮಳೆಗಾಲ ಇನ್ನೂ ಕಠಿಣ. ಜೂನ್ 1ರಿಂದ ಜುಲೈ 31ರವರೆಗೆ 61 ದಿನ ಯಾಂತ್ರೀಕೃತ ಬೋಟುಗಳು ಕಡಲಿಗಿಳಿಯುವಂತಿಲ್ಲ. ಕಂತಿಗೆ ಅಂಥ ರಜೆಯಿಲ್ಲ. ಕಂತು 90 ದಿನ ಮೀರಿ ಬಾಕಿ ಉಳಿದರೆ ಬ್ಯಾಂಕು ಆ ಸಾಲವನ್ನು ವಸೂಲಾಗದ ಸಾಲದ ಪಟ್ಟಿಗೆ ಸೇರಿಸುತ್ತದೆ. ಆ ಬಳಿಕ 2002ರ ಸರ್ಫೇಸಿ ಕಾಯ್ದೆಯಡಿ 60 ದಿನದ ನೋಟಿಸು ಕೊಟ್ಟು ಮನೆಯ ಮೇಲೆ ಕ್ರಮ ಕೈಗೊಳ್ಳಬಹುದು. ಕಡಲ ದುಡಿಮೆಯ ಮನೆಗಳಲ್ಲಿ ಮೇ ಕೊನೆಗೆ ಕನಿಷ್ಠ ಮೂರು ಕಂತಿನ ಹಣ ಖಾತೆಯಲ್ಲಿರಲೇಬೇಕು. ಇಲ್ಲದಿದ್ದರೆ ಆ ಕಂತಿಗಾಗಿ ಚಿನ್ನ ಅಡವಿಡುವುದು ತಪ್ಪುವುದಿಲ್ಲ, ಆಗ ಒಂದು ಸಾಲಕ್ಕೆ ಎರಡು ಬಡ್ಡಿ.

ಬದಲಾಗುವ ದರ

ಮನೆಸಾಲಗಳಲ್ಲಿ ಹೆಚ್ಚಿನವು ಬದಲಾಗುವ ಬಡ್ಡಿಯವು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಇಂಥ ಹೊಸ ಮನೆಸಾಲಗಳ ಬಡ್ಡಿಯನ್ನು ರೆಪೊ ದರದಂಥ (ರಿಸರ್ವ್ ಬ್ಯಾಂಕು ಬ್ಯಾಂಕುಗಳಿಗೆ ಸಾಲ ಕೊಡುವ ದರ) ಹೊರಗಿನ ಮಾನದಂಡಕ್ಕೆ ಜೋಡಿಸಲೇಬೇಕು. 2022ರ ಮೇಯಿಂದ 2023ರ ಫೆಬ್ರವರಿಯೊಳಗೆ ರಿಸರ್ವ್ ಬ್ಯಾಂಕು ರೆಪೊ ದರವನ್ನು ಶೇ. 4ರಿಂದ ಶೇ. 6.5ಕ್ಕೆ ಏರಿಸಿತು. ಅದರ ಪೆಟ್ಟು ಎಷ್ಟೆಂದು ನೋಡಿ. 2022ರ ಆರಂಭದಲ್ಲಿ ಶೇ. 6.75ಕ್ಕೆ 20 ವರ್ಷಕ್ಕೆ 30 ಲಕ್ಷ ಪಡೆದವರ ಕಂತು 22,811. ದರ ಶೇ. 9.25 ಆದಾಗ 30 ಲಕ್ಷಕ್ಕೆ ತಿಂಗಳ ಬಡ್ಡಿಯೇ 23,125. ಬಾಕಿ ಅಷ್ಟೇನೂ ಕರಗಿರದಿದ್ದರೆ ಕಂತು ಬಡ್ಡಿಗೂ ಸಾಲದು!

ಆ ದಿನಗಳಲ್ಲಿ ಅನೇಕರ ಕಂತು ಬದಲಾಗಲಿಲ್ಲ, ಸದ್ದಿಲ್ಲದೆ ಅವಧಿ ಬೆಳೆಯಿತು. 55ನೇ ವಯಸ್ಸಿಗೆ ಮುಗಿಯಬೇಕಾದ ಸಾಲ ನಿವೃತ್ತಿಯ ಆಚೆ ಹೋಯಿತು. 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕು ಇದಕ್ಕೆ ನಿಯಮ ತಂದಿತು: ದರ ಬದಲಾದಾಗ ಕಂತು ಹೆಚ್ಚಿಸಬೇಕೋ ಅವಧಿ ಬೆಳೆಸಬೇಕೋ ಎಂಬ ಆಯ್ಕೆ ಸಾಲಗಾರರದು, ಕಂತು ಬಡ್ಡಿಗೂ ಸಾಲದಂತಾಗುವಷ್ಟು ಅವಧಿ ಹಿಗ್ಗಿಸುವಂತಿಲ್ಲ. 2025ರಲ್ಲಿ ರೆಪೊ ದರ ಇಳಿಯುತ್ತಾ ಬಂದು ಡಿಸೆಂಬರ್‌ಗೆ ಶೇ. 5.25 ಆಯಿತು. ಆಗ ಕಂತು ಇಳಿಸಿಕೊಳ್ಳದೆ ಅವಧಿ ಇಳಿಸಿಕೊಂಡವರು ಜಾಣರು. ಹೊರಗಿನ ಮಾನದಂಡಕ್ಕೆ ಜೋಡಿಸದ ಹಳೆಯ ಪದ್ಧತಿಯ ಬಡ್ಡಿಯಲ್ಲೇ ಉಳಿದುಕೊಂಡವರು ಹೊಸ ಪದ್ಧತಿಗೆ ಬದಲಾಯಿಸಲು ತಮ್ಮ ಶಾಖೆಯಲ್ಲಿ ಅರ್ಜಿ ಕೊಡಬಹುದು. ಕೇಳಿದವರಿಗಷ್ಟೇ ಸಿಗುವ ಅನುಕೂಲ ಇದು.

ಕಾಗದಪತ್ರದ ಬೆಲೆ

ಕುಂದಾಪುರ, ಬೈಂದೂರು, ಬ್ರಹ್ಮಾವರ ಈ ನಮ್ಮ ಮೂರೂ ತಾಲೂಕುಗಳಲ್ಲಿ ಸಾಲದ ಬೆಲೆ ನಿರ್ಧಾರವಾಗುವುದು ಎಷ್ಟೋ ಸಲ ಬ್ಯಾಂಕಿನಲ್ಲಲ್ಲ, ಪಂಚಾಯತಿನಲ್ಲಿ. ಹಿರಿಯರ ಪಾಲಿನ ಜಾಗಕ್ಕೆ ಕನ್ವರ್ಷನ್ (ಭೂಪರಿವರ್ತನೆ) ಆಗಿರುವುದಿಲ್ಲ, ಪಂಚಾಯತಿನ ನೈನ್-ಇಲೆವೆನ್ (ನಮೂನೆ 9 ಮತ್ತು 11) ಸಿಕ್ಕಿರುವುದಿಲ್ಲ, ಪಹಣಿಯಲ್ಲಿ ಅಜ್ಜನ ಹೆಸರೇ ಇರುತ್ತದೆ. ಬ್ಯಾಂಕು ಅಂಥ ಜಾಗಕ್ಕೆ ಮನೆಸಾಲ ಕೊಡುವುದು ಕಷ್ಟ. ಮನೆಯವರು ಕಾಯಲಾರದೆ ಹೆಚ್ಚು ಬಡ್ಡಿಯ ಖಾಸಗಿ ಸಾಲಕ್ಕೋ ಚಿನ್ನದ ಸಾಲಕ್ಕೋ ಕೈ ಹಾಕುತ್ತಾರೆ. ಇಲ್ಲಿ ಎಚ್ಚರ ಬೇಕಾದದ್ದು ಬಡ್ಡಿ ಹೇಳುವ ರೀತಿಯ ಬಗ್ಗೆ. "ಬರೀ ಶೇ. 8, ಹತ್ತು ವರ್ಷ" ಎಂದು ಮೂಲ ಮೊತ್ತದ ಮೇಲೇ ಕೊನೆತನಕ ಬಡ್ಡಿ ಹಾಕುವವರಿದ್ದಾರೆ. 5 ಲಕ್ಷಕ್ಕೆ ಹತ್ತು ವರ್ಷದ ಬಡ್ಡಿ 4 ಲಕ್ಷ, ಕಂತು 7,500. ಕರಗುವ ಸಾಲದ ಲೆಕ್ಕಕ್ಕೆ ತಂದರೆ ಅದು ಸುಮಾರು ಶೇ. 13ರ ಸಾಲ. "ಇಳಿಯುವ ಬಾಕಿಯ ಮೇಲೆ ಬಡ್ಡಿಯೇ?" ಎಂಬ ಒಂದು ಪ್ರಶ್ನೆ ಲಕ್ಷಗಟ್ಟಲೆ ಉಳಿಸಬಲ್ಲದು. ಆರು ತಿಂಗಳು ಓಡಾಡಿ ಕಾಗದ ಸರಿಮಾಡಿಕೊಂಡು ಬ್ಯಾಂಕಿಗೆ ಹೋಗುವುದು ಬೇಸರದ ಕೆಲಸ ನಿಜ, ಆದರೆ ಆ ಓಡಾಟಕ್ಕೆ ಸಿಗುವಷ್ಟು ಕೂಲಿ ಬೇರೆ ಯಾವ ಕೆಲಸಕ್ಕೂ ಸಿಗದು.

ಸಾಲದ ಜತೆ ಬರುವ ಸಣ್ಣ ಖರ್ಚುಗಳನ್ನು ಸಾಲಕ್ಕೇ ಸೇರಿಸಬೇಡಿ. ಸಾಲಗಾರರ ಜೀವಕ್ಕೆ ವಿಮೆ ಒಳ್ಳೆಯದು, ಬೇಕಾದದ್ದು. ಆದರೆ ಅದರ ಒಂದು ಲಕ್ಷದ ಒಂಟಿ ಪ್ರೀಮಿಯಂ ಸಾಲದೊಳಗೆ ಸೇರಿಕೊಂಡರೆ 20 ವರ್ಷಕ್ಕೆ ಅದಕ್ಕೆ ಕಟ್ಟುವುದು 2.08 ಲಕ್ಷ. ತೆರಿಗೆ ಉಳಿಯುತ್ತದೆಂಬ ಮಾತನ್ನೂ ಪೂರ್ತಿ ನಂಬುವಂತಿಲ್ಲ. ಹಳೆ ಪದ್ಧತಿಯಲ್ಲಿ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಇದೆ, ಹೊಸ ಪದ್ಧತಿ ಆಯ್ದವರಿಗೆ ಅದಿಲ್ಲ.

ಯಾರು ವಾಸಿಸುವ ಮನೆ?

ಬಡ್ಡಿಯನ್ನು ಬಾಡಿಗೆಯೊಂದಿಗೆ ತೂಗಿ ನೋಡಬೇಕು. ಕುಂದಾಪುರ ಪೇಟೆಯಲ್ಲಿ ಬಾಡಿಗೆಗಿದ್ದವರು ಸ್ವಂತ ಮನೆಗೆ ಹೋದರೆ ಆ ಬಾಡಿಗೆ ಉಳಿಯುತ್ತದೆ, ಬಡ್ಡಿಯ ಒಂದು ಪಾಲು ಅಲ್ಲಿಗೆ ಸರಿಹೋಯಿತು. ಬೆಂಗಳೂರು, ಮುಂಬೈ, ಗಲ್ಫ್‌ನಲ್ಲಿದ್ದು ಊರಲ್ಲಿ ಮನೆ ಕಟ್ಟಿಸುವವರ ಲೆಕ್ಕ ಬೇರೆ. ಅಲ್ಲಿ ಬಾಡಿಗೆ, ಇಲ್ಲಿ ಕಂತು. ಮನೆ ಒಕ್ಕಲಿಗೆ ನೂರಾರು ಜನ ಸೇರುತ್ತಾರೆ, ಆಮೇಲೆ ವರ್ಷದಲ್ಲಿ ಹಬ್ಬಕ್ಕೋ ಕೋಲಕ್ಕೋ ನಾಲ್ಕು ದಿನ ಬೀಗ ತೆಗೆಯುತ್ತಾರೆ. ಮುಚ್ಚಿದ ಮನೆಗೆ ಮಳೆಗಾಲದಲ್ಲಿ ಬೂಷ್ಟು, ಉಪ್ಪುಗಾಳಿಗೆ ಕಬ್ಬಿಣಕ್ಕೆ ತುಕ್ಕು. ಊರಿನ ಮೇಲಿನ ಪ್ರೀತಿಯನ್ನು ನಾನು ಹಗುರವಾಗಿ ಕಾಣುವುದಿಲ್ಲ. ತಂದೆತಾಯಿ ವಾಸಿಸುವ ಮನೆಯಾದರೆ ಸಾಲವೂ ಸಾರ್ಥಕ. ಯಾರೂ ಇಲ್ಲದ ಮನೆಗೆ ಮೇಲೊಂದು ಅಂತಸ್ತು ಏರಿಸಲು 20 ವರ್ಷದ ಸಾಲ ಮಾಡುವುದು ಮಾತ್ರ ತಪ್ಪು. ಮೊದಲು ಸಾಲವಿಲ್ಲದೆ ಆಗುವಷ್ಟು ಕಟ್ಟಿ, ಉಳಿದದ್ದನ್ನು ಊರಿಗೆ ಮರಳುವ ವರ್ಷಕ್ಕೆ ಇಟ್ಟುಕೊಳ್ಳಬಹುದು.

ಪಿಗ್ಮಿಯ ನಾಡಿನ ದಾರಿ

ಸಾಲ ಈಗಾಗಲೇ ಮಾಡಿಯಾಗಿದ್ದರೆ? ಅದಕ್ಕೆ ಉತ್ತರ ನಮ್ಮ ಜಿಲ್ಲೆಯ ಬ್ಯಾಂಕಿಂಗ್ ಚರಿತ್ರೆಯಲ್ಲೇ ಇದೆ. 1925ರಲ್ಲಿ ಉಡುಪಿಯಲ್ಲಿ ಹುಟ್ಟಿ ಮುಂದೆ ಸಿಂಡಿಕೇಟ್ ಬ್ಯಾಂಕ್ ಎಂದು ಹೆಸರಾದ ಸಂಸ್ಥೆ 1928ರಲ್ಲಿ ಪಿಗ್ಮಿ ಆರಂಭಿಸಿತು. ಏಜೆಂಟರು ಮನೆಬಾಗಿಲಿಗೆ ಬಂದು ದಿನಕ್ಕೆ ಎರಡಾಣೆಯಷ್ಟು ಸಣ್ಣ ಹಣವನ್ನೂ ಜಮಾ ಮಾಡಿಕೊಳ್ಳುತ್ತಿದ್ದರು. ದಿನದ ಚಿಲ್ಲರೆ ಕಾಲದೊಂದಿಗೆ ದೊಡ್ಡ ಮೊತ್ತವಾಗುವ ಆ ಗಣಿತವೇ ಸಾಲ ತೀರಿಸುವಲ್ಲೂ ಕೆಲಸ ಮಾಡುತ್ತದೆ. ಮೊದಲು ನೋಡಿದ ಶೇ. 8.5ರ 30 ಲಕ್ಷದ ಸಾಲಕ್ಕೆ ಮೊದಲ ತಿಂಗಳಿನಿಂದಲೇ 2,000 ರೂಪಾಯಿ, ಅಂದರೆ ದಿನಕ್ಕೆ 67 ರೂಪಾಯಿಯಷ್ಟು, ಹೆಚ್ಚಿಗೆ ಕಟ್ಟಿದರೆ ಸಾಲ 240ರ ಬದಲು 201 ತಿಂಗಳಿಗೆ ತೀರುತ್ತದೆ. ಉಳಿಯುವುದು ಆರು ಲಕ್ಷಕ್ಕೂ ಮಿಕ್ಕಿ.

ಯಾವಾಗ ಕಟ್ಟುತ್ತೇವೆ ಎಂಬುದು ಇಲ್ಲಿ ಮುಖ್ಯ. ಮೊದಲ ವರ್ಷದ ಕೊನೆಗೆ ಒಂದು ಲಕ್ಷ ಒಟ್ಟಿಗೆ ಕಟ್ಟಿ ಕಂತು ಅಷ್ಟೇ ಇಟ್ಟುಕೊಂಡರೆ 18 ಕಂತು ಕಡಿಮೆಯಾಗುತ್ತವೆ, ಬಡ್ಡಿಯಲ್ಲಿ 3.7 ಲಕ್ಷ ಉಳಿಯುತ್ತದೆ. ಅದೇ ಒಂದು ಲಕ್ಷವನ್ನು 15 ವರ್ಷ ತುಂಬಿದ ಮೇಲೆ ಕಟ್ಟಿದರೆ ಉಳಿಯುವುದು ಸುಮಾರು 50 ಸಾವಿರ. ಬೋನಸ್ಸು, ಅಡಿಕೆ ಮಾರಿದ ಹಣ, ಗಲ್ಫ್‌ನಿಂದ ತಮ್ಮ ಕಳಿಸಿದ್ದು, ಯಾವುದೇ ಬರಲಿ, ಮೊದಲ ಐದಾರು ವರ್ಷದಲ್ಲೇ ಒಂದು ಪಾಲು ಅಸಲಿಗೆ ಹಾಕಬೇಕು. ಬದಲಾಗುವ ಬಡ್ಡಿಯ ಮನೆಸಾಲವನ್ನು ಅವಧಿಗೆ ಮುಂಚೆ ಕಟ್ಟಿದರೆ ವ್ಯಕ್ತಿಗಳಿಗೆ ಬ್ಯಾಂಕುಗಳು ದಂಡ ಹಾಕುವಂತಿಲ್ಲ. 2012ರಿಂದ ಈ ನಿಯಮವಿದೆ. ಕಟ್ಟುವಾಗ "ಅಸಲಿಗೆ ಜಮಾ, ಅವಧಿ ಕಡಿಮೆ" ಎಂದು ಬರೆದುಕೊಟ್ಟು ಸಹಿ ಮಾಡಿದ ಪ್ರತಿ ಇಟ್ಟುಕೊಳ್ಳಿ. ಆಸ್ಪತ್ರೆ ಖರ್ಚಿಗೆಂದು ಇಟ್ಟ ಹಣವನ್ನು ಮಾತ್ರ ಮುಟ್ಟಬೇಡಿ.

ಸಾಲ ತೀರಿದ 30 ದಿನದೊಳಗೆ ಮೂಲ ದಸ್ತಾವೇಜು ವಾಪಸು ಕೊಡದೆ ಬ್ಯಾಂಕಿನ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂಪಾಯಿಯಂತೆ ಪರಿಹಾರ ಕೊಡಬೇಕೆಂಬ ನಿಯಮ 2023ರ ಡಿಸೆಂಬರ್‌ನಿಂದ ಇದೆ. ದಸ್ತಾವೇಜು ಕೈಗೆ ಬಂದ ಮೇಲೆ ಇ.ಸಿ. (ಋಣಭಾರ ಪ್ರಮಾಣಪತ್ರ) ತೆಗೆಸಿ ಬ್ಯಾಂಕಿನ ಋಣಭಾರ ರದ್ದಾಗಿದೆಯೇ ನೋಡುವುದು ನಿಮ್ಮ ಕೆಲಸ.

ಹೊಸದಾಗಿ ಸಾಲ ಮಾಡುವವರಲ್ಲಿ ಒಂದು ವಿನಂತಿ. 2024ರ ಅಕ್ಟೋಬರ್‌ನಿಂದ ಬ್ಯಾಂಕುಗಳೂ ಗೃಹಸಾಲ ಕಂಪನಿಗಳೂ ಸಾಲದ ಮುಖ್ಯ ವಿವರಗಳ ಹಾಳೆಯನ್ನು ಸಾಲಗಾರರಿಗೆ ಅರ್ಥವಾಗುವ ಭಾಷೆಯಲ್ಲಿ ಕೊಡಬೇಕು. ಬಡ್ಡಿ, ಶುಲ್ಕ ಎಲ್ಲ ಸೇರಿದ ನಿಜವಾದ ವಾರ್ಷಿಕ ದರವೂ ಕಂತುಗಳ ಪೂರ್ತಿ ಪಟ್ಟಿಯೂ ಅದರಲ್ಲಿರುತ್ತದೆ. ಯೋಚಿಸಲು ಕನಿಷ್ಠ ಮೂರು ಕೆಲಸದ ದಿನ ಅವಕಾಶವಿದೆ. ಆ ಹಾಳೆಯನ್ನು ಕನ್ನಡದಲ್ಲೇ ಕೇಳಿ ಪಡೆಯಿರಿ, ಮನೆಗೆ ತನ್ನಿ, ಹೆಂಡತಿ ಅಥವಾ ಗಂಡ, ದುಡಿಯುವ ಮಕ್ಕಳು ಎಲ್ಲರೂ ಕೂತು ಒಟ್ಟು ಮೊತ್ತದ ಸಾಲನ್ನು ಓದಿ. ಸಹಿ ಅದಾದ ಮೇಲೆ ಹಾಕಿ.