ಪುತ್ತೂರಿನ ಒತ್ತಕ್ಷರ ತೆರೆಯ ಮೇಲೆ ಮೂಡಿದ ಬಗೆ

ನಮ್ಮ ಊರುಗಳ ಹೆಸರಲ್ಲಿ ಕಂಪ್ಯೂಟರಿಗೆ ಕಡಬ ಸುಲಭ, ಸುಳ್ಯ ತುಸು ಕಷ್ಟ, ಪುತ್ತೂರು ಇನ್ನೂ ಕಷ್ಟ. ಕಡಬಕ್ಕೆ ಮೂರೇ ಸಂಕೇತ. ಒಂದರ ಪಕ್ಕ ಒಂದಿಟ್ಟರೆ ಮುಗಿಯಿತು. ಯುನಿಕೋಡ್ ಎಂಬ ಸಂಕೇತ ಪದ್ಧತಿಯಲ್ಲಿ ಸುಳ್ಯಕ್ಕೆ 5 ಸಂಕೇತ, ಪುತ್ತೂರಿಗೆ 8. ‘ತ್ತೂ’ ಮೂಡಬೇಕಾದರೆ ಎರಡನೆಯ ತಕಾರ ಕೆಳಗಿಳಿದು ಒತ್ತಾಗಬೇಕು, ಅದರ ನಂತರ ಬಂದ ಊಕಾರ ಮೇಲಿನ ತಕಾರವನ್ನೇ ಹಿಡಿಯಬೇಕು. ಪೆರ್ಲಂಪಾಡಿ ಎಂಬ ಹೆಸರಿನಲ್ಲಂತೂ ರಕಾರ ಮೊದಲು ಬಂದರೂ ಅರ್ಕಾವೊತ್ತು ಕಾಣಬೇಕಾದ್ದು ಲಕಾರದ ಆಚೆ.

ಈ ಜೋಡಣೆಯನ್ನು ಪ್ರತಿ ತಂತ್ರಾಂಶವೂ ತಾನೇ ಮಾಡಿಕೊಳ್ಳುವುದಿಲ್ಲ. ಎಲ್ಲಕ್ಕೂ ಸೇರಿ ಒಂದು ಹಂಚಿಕೆಯ ಕಡತ ಇರುತ್ತದೆ. ವಿಂಡೋಸ್‌ನಲ್ಲಿ ಅಂಥವನ್ನು ಡಿಎಲ್‌ಎಲ್ ಎನ್ನುತ್ತಾರೆ. ಊರಿನ ಮದುವೆಗಳಿಗೆಲ್ಲ ಒಬ್ಬರೇ ಅಡುಗೆಭಟ್ಟರು ಬಂದಂತೆ, ಬರವಣಿಗೆಯ ತಂತ್ರಾಂಶ, ಬ್ರೌಸರ್, ಲೆಕ್ಕದ ಹಾಳೆ ಎಲ್ಲವೂ ಸಾಮಾನ್ಯವಾಗಿ ಕರೆಯುವುದು ಇಂಥ ಕಡತವನ್ನೇ.

ಇದರ ಹಿಂದಿನ ವಿಚಾರಕ್ಕೂ ನಮ್ಮ ಸೀಮೆಗೂ ನಂಟಿದೆ. ಮಂಗಳೂರಿನ ಬಳಿಯ ಕಿನ್ನಿಕಂಬಳದ ಕೆ.ಪಿ. ರಾವ್ ಅವರು ಕನ್ನಡಕ್ಕೆ ವರ್ಣಾಧಾರಿತ ಕೀಲಿಮಣೆ ರೂಪಿಸಿದರು. ಬೆರಳು ಒತ್ತುವುದು ವರ್ಣವನ್ನು ಮಾತ್ರ. ಆಕಾರ ಕಟ್ಟುವುದು ಯಂತ್ರದ ಕೆಲಸ. ತಮ್ಮ ಕನ್ನಡ ತಂತ್ರಾಂಶಕ್ಕೆ ಅವರು ಇಟ್ಟ ಹೆಸರು ‘ಸೇಡಿಯಾಪು’. ಕನ್ನಡ ವರ್ಣಗಳ ಬಗ್ಗೆ, ಛಂದಸ್ಸಿನ ಬಗ್ಗೆ ಆಳವಾಗಿ ಚಿಂತಿಸಿದ ಪುತ್ತೂರು ಸೀಮೆಯ ವಿದ್ವಾಂಸ ಸೇಡಿಯಾಪು ಕೃಷ್ಣಭಟ್ಟರಿಗೆ ಇದಕ್ಕಿಂತ ಯೋಗ್ಯವಾದ ಸ್ಮಾರಕ ನನಗೆ ತೋಚುವುದಿಲ್ಲ.

ಆದರೆ ಆಗ ವಿಂಡೋಸ್‌ಗೇ ಒತ್ತಕ್ಷರ ಗೊತ್ತಿರಲಿಲ್ಲ. 1998ರಲ್ಲಿ ಬಂದ ಶೇಷಾದ್ರಿವಾಸು ಅವರ ‘ಬರಹ’, ಬಳಿಕ ಕನ್ನಡ ಗಣಕ ಪರಿಷತ್ತಿನ ‘ನುಡಿ’ ಬೇರೆ ದಾರಿ ಹಿಡಿದವು: ಅಕ್ಷರವನ್ನು ತಲೆಕಟ್ಟು, ಕೊಂಬು, ಒತ್ತು ಎಂದು ತುಂಡು ಮಾಡಿ, ಇಂಗ್ಲಿಷ್ ಅಕ್ಷರಗಳ ಜಾಗದಲ್ಲಿ ಕೂರಿಸಿದವು. ಕಂಪ್ಯೂಟರಿನಲ್ಲಿ ಕನ್ನಡ ಹರಡಿದ್ದು ಬಹುಮಟ್ಟಿಗೆ ಅವುಗಳ ಬಲದಿಂದ. ಫಾಂಟ್ ಬದಲಾದರೆ ಮಾತ್ರ ಪುಟವೆಲ್ಲ ಅರ್ಥವಿಲ್ಲದ ಚಿಹ್ನೆಗಳಾಗುತ್ತಿತ್ತು.

2001ರ ವಿಂಡೋಸ್ ಎಕ್ಸ್‌ಪಿಯಲ್ಲಿ ತುಂಗಾ ಫಾಂಟ್ ಜತೆಗೆ ಅಕ್ಷರ ಜೋಡಿಸುವ ಯುನಿಸ್ಕ್ರೈಬ್‌ಗೆ ಕನ್ನಡ ಬಂತು. ಅದರ ಕಡತ ಯುಎಸ್‌ಪಿ10 ಡಿಎಲ್‌ಎಲ್. ಸುಮ್ಮನೆ ಸಿಗಲಿಲ್ಲ, ನಿಯಂತ್ರಣ ಫಲಕಕ್ಕೆ ಹೋಗಿ, ಸಿಡಿ ಹಾಕಿ ಸಂಕೀರ್ಣ ಲಿಪಿಗಳ ಬೆಂಬಲವನ್ನು ಚಾಲೂ ಮಾಡಬೇಕಿತ್ತು. ವಿಸ್ಟಾದಿಂದ ಈಚೆಗೆ ಆ ತಾಪತ್ರಯ ತಪ್ಪಿತು. ಲಿನಕ್ಸ್ ಬಳಗದಲ್ಲಿ ಇದೇ ಕೆಲಸಕ್ಕೆ ಪ್ಯಾಂಗೊ ಬೆಳೆಯಿತು. ಆಮೇಲೆ ಬೆಹ್ದಾದ್ ಎಸ್ಫಹ್‌ಬೋದ್ ಹೊಸದಾಗಿ ಕಟ್ಟಿದ ಹಾರ್ಫ್‌ಬಜ್ ಬಂತು. ಕ್ರೋಮ್, ಫೈರ್‌ಫಾಕ್ಸ್, ಆಂಡ್ರಾಯ್ಡ್‌ಗಳಲ್ಲಿ ಕನ್ನಡದ ಒತ್ತಕ್ಷರ ಕೂಡಿಸುವುದು ಅದೇ. 2017ರ 5.3 ಆವೃತ್ತಿಯಿಂದ ಲಿಬ್ರೆ ಆಫೀಸ್ ಕೂಡ ಎಲ್ಲ ಕಡೆ ಅದನ್ನೇ ನೆಚ್ಚಿದೆ. ಯಾರು ಬೇಕಾದರೂ ತೆರೆದು ನೋಡಬಹುದಾದ, ತಿದ್ದಬಹುದಾದ ಕಡತವೊಂದರ ಮೇಲೆ ನಮ್ಮ ಲಿಪಿ ನಿಂತಿರುವುದು ದೊಡ್ಡ ಭಾಗ್ಯ.

ಕನ್ನಡ ಲಿಪಿಗೆ ಆದ ಈ ಕೆಲಸ ಸುಳ್ಯದ ಅರೆಭಾಷೆಗೂ ಕನ್ನಡದಲ್ಲಿ ಬರೆಯುವ ತುಳುವಿಗೂ ಒದಗಿದೆ. ತುಳು–ತಿಗಳಾರಿ ಲಿಪಿ 80 ಸಂಕೇತಗಳೊಂದಿಗೆ 2024ರ ಸೆಪ್ಟೆಂಬರಿನಲ್ಲಿ ಯುನಿಕೋಡ್ 16.0 ಸೇರಿತು. ಅದಕ್ಕೂ ಒಳ್ಳೆಯ ಫಾಂಟ್, ಒತ್ತಕ್ಷರ ಕೂಡಿಸಬಲ್ಲ ಕಡತ ಎರಡೂ ಎಲ್ಲ ಯಂತ್ರಗಳಿಗೆ ತಲುಪಬೇಕು.

ಇಷ್ಟಾದರೂ ಮುದ್ರಣದ ಅಂಗಡಿಗಳಲ್ಲಿ ಅಕ್ಷರ ತುಂಡು ಮಾಡುವ ಹಳೆಯ ಪದ್ಧತಿ ಬೇಗ ಹೋಗಲಿಲ್ಲ. 2001ರ 7.0 ಆವೃತ್ತಿಗೇ ನಿಂತುಹೋದ ಪುಟವಿನ್ಯಾಸದ ತಂತ್ರಾಂಶ ಪೇಜ್‌ಮೇಕರ್‌ಗೆ ಕನ್ನಡ ಯುನಿಕೋಡ್ ತಿಳಿಯದು. ಹಾಗೆ ಸಿದ್ಧವಾದ ಪುಟಗಳು ಕಾಗದದ ಮೇಲೆ ಚೆಂದ; ಕಂಪ್ಯೂಟರಿನಲ್ಲಿ ಪುತ್ತೂರು ಎಂದು ಹುಡುಕಿದರೆ ಮಾತ್ರ ಸಿಗುವುದಿಲ್ಲ. ಪುತ್ತೂರು, ಸುಳ್ಯ, ಕಡಬದ ಮುದ್ರಣಾಲಯದವರಲ್ಲಿ, ಬ್ರಹ್ಮಕಲಶ, ಶಾಲಾ ಶತಮಾನೋತ್ಸವಗಳ ಸ್ಮರಣ ಸಂಚಿಕೆ ತಂದ ಸಮಿತಿಗಳಲ್ಲಿ ಒಂದು ವಿನಂತಿ: ಆ ಹಳೆಯ ಕಡತಗಳನ್ನು ಅಳಿಸಬೇಡಿ. ಪರಿವರ್ತಕ ತಂತ್ರಾಂಶಗಳು ಉಚಿತವಾಗಿ ಸಿಗುತ್ತವೆ. ಯುನಿಕೋಡ್‌ಗೆ ಬದಲಿಸಿ, ಒಮ್ಮೆ ಕಣ್ಣಾಡಿಸಿ ತಿದ್ದಿ, ಊರಿನ ಗ್ರಂಥಾಲಯಕ್ಕೆ ಒಂದು ಪ್ರತಿ ಕೊಡಿ.