ವಿಜ್ಞಾನಪಾಠಕ್ಕೆ ಅಭಿನಯದ ನೆರವು

ಅಭಿನಯವೆಂದರೆ ಬಣ್ಣ ಹಚ್ಚಿ ಕುಣಿಯುವುದೆಂದೇ ಅನೇಕರ ಭಾವನೆ. ಶಬ್ದದ ಮೂಲವನ್ನು ನೋಡಿದರೆ ಬೇರೆಯೇ ಅರ್ಥ ಹೊರಡುತ್ತದೆ. 'ಅಭಿ' ಎಂದರೆ ಎದುರಿಗೆ, 'ನೀ' ಎಂದರೆ ಕೊಂಡೊಯ್ಯುವುದು. ಅರ್ಥವನ್ನು ನೋಡುವವರ ಎದುರಿಗೆ ತಂದು ನಿಲ್ಲಿಸುವುದೇ ಅಭಿನಯ. ಹಾಗಾದಮೇಲೆ ಮಕ್ಕಳಿಗೆ ವಿಜ್ಞಾನವನ್ನು ತಿಳಿಯಹೇಳುವವರಿಗೂ ನಟನಟಿಯರಿಗೂ ಕಸುಬಿನ ನಂಟು ಇದೆಯೆಂದಾಯಿತು. ಈ ನಂಟನ್ನು ಗಟ್ಟಿಮಾಡಿದ್ದು ದೂರದರ್ಶನ.

ನಮ್ಮಲ್ಲಿ ಇಂಥ ಬೋಧನೆಯ ದೊಡ್ಡ ಪ್ರಯೋಗ 1975ರ ಆಗಸ್ಟ್ 1ರಿಂದ 1976ರ ಜುಲೈ 31ರವರೆಗೆ ನಡೆಯಿತು. ಅಮೆರಿಕದ ಎ.ಟಿ.ಎಸ್.-6 ಉಪಗ್ರಹದ ಮೂಲಕ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ಚಿತ್ರ ತಲುಪಿತು. ಕರ್ನಾಟಕದಲ್ಲಿ ಆ ಭಾಗ್ಯ ಗುಲ್ಬರ್ಗ, ರಾಯಚೂರು, ಬಿಜಾಪುರ ಜಿಲ್ಲೆಗಳದು. ತಂತಿಬಲೆಯ ಹತ್ತು ಅಡಿ ಅಗಲದ ಬೋಗುಣಿಯೇ ಆಂಟೆನಾ. ಬೆಳಗಿನ ಒಂದೂವರೆ ಗಂಟೆ ಶಾಲಾಮಕ್ಕಳದು; ನಾಲ್ಕು ಭಾಷೆಗಳಿಗೆ ಹಂಚಿದಾಗ ಕನ್ನಡಕ್ಕೆ ದಕ್ಕಿದ್ದು ಇಪ್ಪತ್ತೆರಡೂವರೆ ನಿಮಿಷ. ಮಕ್ಕಳ ವಿಜ್ಞಾನದ ಕಾರ್ಯಕ್ರಮಗಳನ್ನು ಇಸ್ರೋ ತನ್ನ ಮುಂಬಯಿ ಸ್ಟುಡಿಯೋದಲ್ಲಿ ತಯಾರಿಸಿತು. ಆಗ ಅಹಮದಾಬಾದಿನ ಬಾಹ್ಯಾಕಾಶ ಉಪಯೋಗ ಕೇಂದ್ರದ ನಿರ್ದೇಶಕರಾಗಿದ್ದ ಯಶ್‌ಪಾಲ್ ಅವರನ್ನೇ ಮುಂದೆ 'ಟರ್ನಿಂಗ್ ಪಾಯಿಂಟ್' ಕಾರ್ಯಕ್ರಮದಲ್ಲಿ ವೀಕ್ಷಕರ ಪ್ರಶ್ನೆಗಳಿಗೆ ಉತ್ತರ ಹೇಳುತ್ತಿದ್ದುದನ್ನು ದೇಶ ಕಂಡಿತು. ಆ ಕಾರ್ಯಕ್ರಮವನ್ನು ನಡೆಸಿಕೊಟ್ಟವರು ನಮ್ಮ ಗಿರೀಶ ಕಾರ್ನಾಡರು.

ಅಮೆರಿಕದ ನಟಿ ಲಿಲಿ ಟಾಮ್ಲಿನ್ 1994ರಿಂದ 1997ರವರೆಗೆ 'ದಿ ಮ್ಯಾಜಿಕ್ ಸ್ಕೂಲ್ ಬಸ್' ಎಂಬ ಮಕ್ಕಳ ಮಾಲಿಕೆಯಲ್ಲಿ ಮಿಸ್ ಫ್ರಿಜಲ್ ಎಂಬ ವಿಜ್ಞಾನದ ಉಪಾಧ್ಯಾಯಿನಿಗೆ ಕಂಠದಾನ ಮಾಡಿದರು. ಅದಕ್ಕೆ 1995ರಲ್ಲಿ ಎಮ್ಮಿ ಪ್ರಶಸ್ತಿಯೂ ಬಂದಿತು. ಆಂಗಿಕವನ್ನೂ ಆಹಾರ್ಯವನ್ನೂ ಚಿತ್ರಕಾರರು ನೋಡಿಕೊಂಡರು. ನಟಿಯ ಪಾಲಿಗೆ ಉಳಿದದ್ದು ವಾಚಿಕ. ದನಿಯೊಂದರಿಂದಲೇ ಎಷ್ಟು ಸಾಧ್ಯವೆಂಬುದನ್ನು ಬಾನುಲಿಯ ಕೇಳುಗರಿಗೆ ಹೇಳಬೇಕಾಗಿಲ್ಲ.

ಆದರೆ ಇಲ್ಲೊಂದು ಅಪಾಯವುಂಟು. ಲೋಟದ ತುಂಬ ನೀರು ತುಂಬಿ, ದಪ್ಪ ಕಾಗದ ಮುಚ್ಚಿ, ಅಂಗೈಯಿಂದ ಒತ್ತಿಹಿಡಿದು ತಲೆಕೆಳಗು ಮಾಡಿ ಕೈ ತೆಗೆಯಿರಿ, ನೀರು ಚೆಲ್ಲದು. "ನೋಡಿದಿರಾ!" ಎಂದು ನಟಿ ಅಲ್ಲಿಗೇ ನಿಲ್ಲಿಸಿದರೆ ಅದು ಇಂದ್ರಜಾಲ. "ಕಾಗದವನ್ನು ಹಿಡಿದಿರುವವರು ಯಾರು?" ಎಂದು ಕೇಳಿ ತುಸು ತಡೆದರೆ ಅದು ಪಾಠ. ಒಂದು ಚದರ ಸೆಂಟಿಮೀಟರಿನ ಮೇಲೆ ಸುಮಾರು ಒಂದು ಕಿಲೋ ಭಾರದಷ್ಟು ಒತ್ತುವ ಗಾಳಿ, ಕೆಳಗಿನಿಂದ ಮೇಲಕ್ಕೂ ಒತ್ತುತ್ತದೆಂದು ಮಗು ಆಗ ತಾನೇ ಹೊಳೆಸಿಕೊಂಡೀತು. ಅದ್ಭುತರಸಕ್ಕೆ ಸ್ಥಾಯಿಭಾವ ವಿಸ್ಮಯ. ಆ ವಿಸ್ಮಯವನ್ನು ಪ್ರಶ್ನೆಯಾಗಿ ತಿರುಗಿಸುವುದೇ ವಿಜ್ಞಾನದ ಅಭಿನಯ. ಮಗುವಿನ ಉತ್ತರವನ್ನು ಕೇಳಿಸಿಕೊಳ್ಳುವ ಕಿವಿ ಮಾತ್ರ ಪರದೆಗಿಲ್ಲ. ಅದಕ್ಕೆ ಪಕ್ಕದಲ್ಲಿ ಉಪಾಧ್ಯಾಯರೇ ಇರಬೇಕು.

ಒಂದು ವರ್ಷದ ಗಡುವು ಮುಗಿದೊಡನೆ ಆ ಉಪಗ್ರಹ ನಮ್ಮ ಪಾಲಿಗೆ ಇಲ್ಲವಾಯಿತು. ಇಂದು ಅದೇ ರಾಯಚೂರು, ಕಲಬುರಗಿಯ ಸೀಮೆಯಿಂದ ಕಟ್ಟಡದ ಕೆಲಸಕ್ಕೆಂದು ನಮ್ಮ ಕಾಡುಗೋಡಿಯ ಕಡೆಗೆ ಸಂಸಾರಗಳು ಬರುತ್ತಿವೆ. ಗಾಜಿನ ಗೋಪುರಗಳ ನೆರಳಿನಲ್ಲಿ ಬೆಳೆಯುವ ಆ ಮಕ್ಕಳ ಕೈಗೂ ಮೊಬೈಲು ಎಟುಕುತ್ತದೆ, ಅದರಲ್ಲಿ ವಿಜ್ಞಾನದ ಚಿತ್ರಗಳಿಗೆ ಬರವಿಲ್ಲ. ಬೇಕಾಗಿರುವುದು ಅವರಾಡುವ ಕನ್ನಡದಲ್ಲಿ "ಯಾಕೆ ಹೀಗೆ?" ಎಂದು ಕೇಳುವ ದನಿ. ನಮ್ಮ ರಂಗಭೂಮಿಯಲ್ಲಿ ಅಂಥ ದನಿಯುಳ್ಳ ಕಲಾವಿದೆಯರು ಇದ್ದಾರೆ. ಅವರನ್ನು ಪಾಠದ ಮನೆಗೂ ಕರೆದು ತರುವುದು ನಮ್ಮ ಕೆಲಸ.