ಕೊಪ್ಪಳ ಜಿಲ್ಲೆಯಲ್ಲಿ ಬಳಸಿದ ಮಧ್ಯಮ ಗಾತ್ರದ ಕ್ರಾಸೋವರ್ ಕಾರುಗಳ ಖರೀದಿ ಮತ್ತು ಒಡೆತನ

ಬಳಸಿದ ಮಧ್ಯಮ ಗಾತ್ರದ ಕ್ರಾಸೋವರ್ ಎಂದರೆ ಈಗಾಗಲೇ ಒಬ್ಬ ಅಥವಾ ಹೆಚ್ಚು ಮಾಲೀಕರ ಬಳಿ ಓಡಿ ಮರುಮಾರಾಟಕ್ಕೆ ಬಂದಿರುವ, ನಾಲ್ಕು ಮೀಟರಿಗಿಂತ ಉದ್ದವಾದ, ನೆಲದಿಂದ ಎತ್ತರವಾಗಿರುವ ಕುಟುಂಬ ಕಾರು. ಕರ್ನಾಟಕದ ಕೊಪ್ಪಳ ಜಿಲ್ಲೆಯ ಕೊಪ್ಪಳ, ಗಂಗಾವತಿ, ಕುಷ್ಟಗಿ ಹಾಗೂ ಯಲಬುರ್ಗಾ ಭಾಗಗಳಲ್ಲಿ ಇಂತಹ ವಾಹನವನ್ನು ಆಡುಮಾತಿನಲ್ಲಿ ‘ಸೆಕೆಂಡ್ ಹ್ಯಾಂಡ್ ಗಾಡಿ’ ಎನ್ನುತ್ತಾರೆ. ಹಣ ಕೊಟ್ಟು ಕೀಲಿಕೈ ಪಡೆದ ದಿನವೇ ವ್ಯವಹಾರ ಮುಗಿಯಿತು ಎಂಬ ಭಾವನೆ ಸಾಮಾನ್ಯವಾಗಿದೆ. ಆದರೆ ಕಾನೂನಿನ ದೃಷ್ಟಿಯಲ್ಲಿ ನೋಂದಣಿ ಪತ್ರದಲ್ಲಿ ಹೆಸರು ಬದಲಾಗುವವರೆಗೆ ಮಾರಿದವರೇ ಮಾಲೀಕರಾಗಿ ಉಳಿಯುತ್ತಾರೆ. ಆದ್ದರಿಂದ ವಾಹನದ ಯಾಂತ್ರಿಕ ಸ್ಥಿತಿಯಷ್ಟೇ ಅದರ ದಾಖಲೆಗಳ ಸ್ಥಿತಿಯೂ ಈ ಖರೀದಿಯಲ್ಲಿ ಮುಖ್ಯವಾಗುತ್ತದೆ.

## ಸ್ವರೂಪ

ಕ್ರಾಸೋವರ್ ಕಾರಿನಲ್ಲಿ ದೇಹ ಮತ್ತು ಚೌಕಟ್ಟು ಒಂದೇ ರಚನೆಯಾಗಿರುತ್ತವೆ. ಇದನ್ನು ಮಾನೋಕಾಕ್ ರಚನೆ ಎಂದು ಕರೆಯಲಾಗುತ್ತದೆ. ಗ್ರಾಮೀಣ ಪ್ರದೇಶದಲ್ಲಿ ಹೆಚ್ಚು ಪರಿಚಿತವಾದ ಮಹೀಂದ್ರ ಬೊಲೆರೊ ಮತ್ತು ಸ್ಕಾರ್ಪಿಯೊ ವಾಹನಗಳಲ್ಲಿ ಪ್ರತ್ಯೇಕ ಉಕ್ಕಿನ ಚಾಸಿಯ ಮೇಲೆ ದೇಹವನ್ನು ಕೂರಿಸಲಾಗಿರುತ್ತದೆ. ಮಾನೋಕಾಕ್ ರಚನೆಯಿಂದ ವಾಹನದ ತೂಕ ಕಡಿಮೆಯಾಗಿ ಪ್ರಯಾಣ ಹಿತವಾಗುತ್ತದೆ. ಆದರೆ ದೊಡ್ಡ ಅಪಘಾತದಲ್ಲಿ ಮೂಲ ರಚನೆಯೇ ಬಾಗಿದರೆ ಅದನ್ನು ಮೊದಲಿನ ಸ್ಥಿತಿಗೆ ತರುವುದು ಕಷ್ಟ.

ಈ ವರ್ಗದ ಬಹುತೇಕ ಕಾರುಗಳಲ್ಲಿ ಎಂಜಿನ್ನಿನ ಶಕ್ತಿ ಮುಂದಿನ ಚಕ್ರಗಳಿಗೆ ಮಾತ್ರ ಹೋಗುತ್ತದೆ. ನೋಟಕ್ಕೆ ಜೀಪಿನಂತಿದ್ದರೂ ಮಳೆಗಾಲದ ಎರೆ ಹೊಲದ ಕೆಸರಿನಲ್ಲಿ ಇವು ಸಾಮಾನ್ಯ ಕಾರಿನಂತೆಯೇ ಸಿಕ್ಕಿಕೊಳ್ಳಬಹುದು. ಎತ್ತರದ ಪ್ರಯೋಜನ ಮುಖ್ಯವಾಗಿ ರಸ್ತೆ ಉಬ್ಬು, ಗುಂಡಿ ಹಾಗೂ ಹಳ್ಳಿಯ ಕಚ್ಚಾ ರಸ್ತೆಗಳಲ್ಲಿ ದೊರೆಯುತ್ತದೆ.

ನಾಲ್ಕು ಮೀಟರ್ ಎಂಬ ಗಡಿಗೆ ತೆರಿಗೆಯ ಹಿನ್ನೆಲೆಯಿದೆ. 2006ರ ಕೇಂದ್ರ ಮುಂಗಡಪತ್ರದಲ್ಲಿ 4,000 ಮಿ.ಮೀ. ಮೀರದ ಸಣ್ಣ ಎಂಜಿನ್ನಿನ ಕಾರುಗಳಿಗೆ ಅಬಕಾರಿ ಸುಂಕದ ರಿಯಾಯಿತಿ ದೊರೆಯಿತು. 22 ಸೆಪ್ಟೆಂಬರ್ 2025ರಿಂದ ಜಾರಿಗೆ ಬಂದ ಜಿ.ಎಸ್.ಟಿ. ದರಗಳಲ್ಲಿಯೂ ಈ ಭೇದ ಉಳಿದಿದ್ದು, ಸಣ್ಣ ಕಾರುಗಳಿಗೆ ಶೇ. 18 ಮತ್ತು ದೊಡ್ಡ ಕಾರುಗಳಿಗೆ ಶೇ. 40 ತೆರಿಗೆ ಇದೆ. ಹೊಸ ಕಾರಿನ ಬೆಲೆ ಇಳಿದಾಗ ಅದೇ ಮಾದರಿಯ ಹಳೆಯ ಕಾರಿನ ಬೆಲೆಯೂ ಇಳಿಯಬೇಕಾಗುತ್ತದೆ. ಆದ್ದರಿಂದ ಮಾರುವವರು ಹಿಂದೆ ಕೊಟ್ಟ ಬೆಲೆಗಿಂತ ಇಂದಿನ ಹೊಸ ಕಾರಿನ ಬೆಲೆಯನ್ನು ಆಧಾರವಾಗಿ ಇಟ್ಟುಕೊಳ್ಳುವುದು ಸೂಕ್ತ.

## ಮಾದರಿಗಳು

ಭಾರತದಲ್ಲಿ ಈ ವರ್ಗ ಜನಪ್ರಿಯವಾದದ್ದು ಜುಲೈ 2012ರಲ್ಲಿ ಬಂದ ರೆನೊ ಡಸ್ಟರ್‌ನಿಂದ. 2013ರಲ್ಲಿ ನಿಸಾನ್ ಟೆರಾನೊ, 2015ರಲ್ಲಿ ಹ್ಯುಂಡೈ ಕ್ರೆಟಾ ಮತ್ತು ಮಾರುತಿ ಎಸ್-ಕ್ರಾಸ್, 2019ರಲ್ಲಿ ಕಿಯಾ ಸೆಲ್ಟೋಸ್ ಮಾರುಕಟ್ಟೆಗೆ ಬಂದವು. ಕ್ರೆಟಾದ ಎರಡನೆಯ ಪೀಳಿಗೆ 2020ರಲ್ಲಿ ಬಿಡುಗಡೆಯಾಯಿತು. 2021ರಲ್ಲಿ ಸ್ಕೋಡಾ ಕುಶಾಕ್ ಮತ್ತು ಫೋಕ್ಸ್‌ವ್ಯಾಗನ್ ಟೈಗುನ್, 2022ರಲ್ಲಿ ಮಾರುತಿ ಗ್ರ್ಯಾಂಡ್ ವಿಟಾರಾ ಮತ್ತು ಟೊಯೊಟಾ ಹೈರೈಡರ್, 2023ರಲ್ಲಿ ಹೋಂಡಾ ಎಲಿವೇಟ್ ಸೇರಿಕೊಂಡವು. ಟಾಟಾ ಹ್ಯಾರಿಯರ್ ಮತ್ತು ಎಂ.ಜಿ. ಹೆಕ್ಟರ್ ಗಾತ್ರದಲ್ಲಿ ಇವುಗಳಿಗಿಂತ ಸ್ವಲ್ಪ ದೊಡ್ಡವು. ಎರಡೂ 2019ರಲ್ಲಿ ಬಂದವು.

1 ಏಪ್ರಿಲ್ 2020ರಂದು ಭಾರತ್ ಸ್ಟೇಜ್ 6 ಮಾನದಂಡ ಕಡ್ಡಾಯವಾದಾಗ ಮಾರುತಿ ಸುಜುಕಿ ಸಂಸ್ಥೆಯು ಡೀಸೆಲ್ ಕಾರುಗಳನ್ನು ನಿಲ್ಲಿಸಿತು. ಡಸ್ಟರ್ ಕೂಡ ಪೆಟ್ರೋಲಿಗೆ ಸೀಮಿತವಾಯಿತು. ಕುಶಾಕ್, ಟೈಗುನ್ ಮತ್ತು ಎಲಿವೇಟ್ ಭಾರತದಲ್ಲಿ ಡೀಸೆಲ್ ಎಂಜಿನ್ನಿನೊಂದಿಗೆ ಬರಲಿಲ್ಲ. ಹೀಗಾಗಿ ಡೀಸೆಲ್ ಬಯಸುವವರಿಗೆ 2020ಕ್ಕಿಂತ ಹಿಂದಿನ ಮಾದರಿಗಳಲ್ಲಿ ಹೆಚ್ಚು ಆಯ್ಕೆಗಳಿವೆ.

ಸುರಕ್ಷತೆಯಲ್ಲಿ ತಯಾರಿಕೆಯ ವರ್ಷ ಮುಖ್ಯ. ಎಲ್ಲ ಹೊಸ ಕಾರುಗಳಲ್ಲಿ ಎ.ಬಿ.ಎಸ್. ಬ್ರೇಕ್ ವ್ಯವಸ್ಥೆ ಏಪ್ರಿಲ್ 2019ರಿಂದ, ಚಾಲಕನ ಏರ್‌ಬ್ಯಾಗ್ ಜುಲೈ 2019ರಿಂದ ಕಡ್ಡಾಯವಾದವು. ಅದಕ್ಕೂ ಹಿಂದಿನ ಕಾರುಗಳ ಕಡಿಮೆ ಬೆಲೆಯ ಆವೃತ್ತಿಗಳಲ್ಲಿ ಇವು ಇವೆಯೇ ಎಂದು ನೋಡಬೇಕು. ಗ್ಲೋಬಲ್ ಎನ್‌ಕ್ಯಾಪ್ ಸಂಸ್ಥೆಯ ಪರೀಕ್ಷೆಗಳಲ್ಲಿ ಸೆಲ್ಟೋಸ್ (2020) ಮತ್ತು ಕ್ರೆಟಾ (2022) ವಯಸ್ಕರ ರಕ್ಷಣೆಗೆ ಮೂರು ತಾರೆಗಳನ್ನು, ಕುಶಾಕ್ ಮತ್ತು ಟೈಗುನ್ (2022) ಐದು ತಾರೆಗಳನ್ನು ಪಡೆದವು.

## ಸ್ಥಳೀಯ ಹಿನ್ನೆಲೆ

1997ರಲ್ಲಿ ರಾಯಚೂರು ಜಿಲ್ಲೆಯಿಂದ ಬೇರ್ಪಟ್ಟ ಕೊಪ್ಪಳ ಜಿಲ್ಲೆಯ ವಾಹನಗಳ ನೋಂದಣಿ ಸಂಕೇತ ಕೆಎ-37. ಹೊಸಪೇಟೆಯ ಕೆಎ-35, ರಾಯಚೂರಿನ ಕೆಎ-36, ಗದಗಿನ ಕೆಎ-26 ಹಾಗೂ ಬಾಗಲಕೋಟೆಯ ಕೆಎ-29 ನೆರೆಯ ಜಿಲ್ಲೆಗಳ ಸಂಕೇತಗಳಾಗಿವೆ.

ಜಿಲ್ಲೆಯೊಳಗೆ ಬಳಕೆಯ ಸನ್ನಿವೇಶ ಒಂದೇ ಬಗೆಯದಲ್ಲ. ಹುಬ್ಬಳ್ಳಿ, ಗದಗ, ಕೊಪ್ಪಳ, ಹೊಸಪೇಟೆಗಳನ್ನು ಜೋಡಿಸುವ ರಾಷ್ಟ್ರೀಯ ಹೆದ್ದಾರಿ 67ರಲ್ಲಿ ಗಿಣಿಗೇರಾ ಸುತ್ತಲಿನ ಉಕ್ಕಿನ ಕಾರ್ಖಾನೆಗಳಿಂದಾಗಿ ಭಾರೀ ಲಾರಿಗಳ ಸಂಚಾರವಿದೆ. ವಿಜಯಪುರ, ಇಳಕಲ್ಲ, ಕುಷ್ಟಗಿ, ಹೊಸಪೇಟೆ ಮಾರ್ಗದ ರಾಷ್ಟ್ರೀಯ ಹೆದ್ದಾರಿ 50ರಲ್ಲಿ ಕಾರುಗಳು ದೀರ್ಘಕಾಲ ಒಂದೇ ವೇಗದಲ್ಲಿ ಓಡುತ್ತವೆ. ತುಂಗಭದ್ರಾ ಎಡದಂಡೆ ಕಾಲುವೆಯ ನೀರಾವರಿ ಇರುವ ಗಂಗಾವತಿ ಮತ್ತು ಕಾರಟಗಿ ಭಾಗದಲ್ಲಿ ಭತ್ತದ ಗದ್ದೆಗಳು ಹಾಗೂ ಅಕ್ಕಿ ಗಿರಣಿಗಳು ಹೆಚ್ಚು. ಮಳೆಯನ್ನೇ ನಂಬಿದ ಯಲಬುರ್ಗಾ ಮತ್ತು ಕುಷ್ಟಗಿ ಭಾಗದಲ್ಲಿ ಎರೆ ಹಾಗೂ ಮಸಾರಿ ಭೂಮಿಯ ಧೂಳು ಹೆಚ್ಚು. ಮೊದಲ ಮಾಲೀಕರು ಯಾವ ಬಗೆಯ ರಸ್ತೆಯಲ್ಲಿ ಓಡಿಸಿದರು ಎಂಬುದನ್ನು ತಿಳಿದರೆ ಕಾರಿನ ಸವೆತವನ್ನು ಅಂದಾಜು ಮಾಡಬಹುದು.

## ಖರೀದಿಯ ಮಾರ್ಗಗಳು

ಪರಿಚಯಸ್ಥರಿಂದ ನೇರ ಖರೀದಿ, ದಲ್ಲಾಳಿಗಳ ಮೂಲಕ ಖರೀದಿ, ತಯಾರಕರ ಬಳಸಿದ ಕಾರು ಮಳಿಗೆಗಳಿಂದ ಖರೀದಿ ಮತ್ತು ಅಂತರ್ಜಾಲ ತಾಣಗಳ ಮೂಲಕ ಖರೀದಿ ಎಂದು ನಾಲ್ಕು ಮಾರ್ಗಗಳಿವೆ. ಮಾರುತಿ ಸುಜುಕಿಯ ಟ್ರೂ ವ್ಯಾಲ್ಯೂ 2001ರಲ್ಲಿ ಆರಂಭವಾಯಿತು. ಮಳಿಗೆಯಲ್ಲಿ ಬೆಲೆ ಸ್ವಲ್ಪ ಹೆಚ್ಚಿದ್ದರೂ ತಪಾಸಣಾ ವರದಿ ಮತ್ತು ಸೀಮಿತ ವಾರಂಟಿ ಸಿಗುವ ಸಾಧ್ಯತೆ ಇರುತ್ತದೆ.

ದಲ್ಲಾಳಿ ವ್ಯವಹಾರದಲ್ಲಿ ಮಾರುವವರಿಂದ ಖಾಲಿ ನಮೂನೆಗಳಿಗೆ ಸಹಿ ಪಡೆದು, ವಾಹನವನ್ನು ಕೈಯಿಂದ ಕೈಗೆ ದಾಟಿಸುವ ರೂಢಿ ಇದೆ. ನಡುವಿನವರ ಹೆಸರು ಯಾವ ದಾಖಲೆಯಲ್ಲಿಯೂ ಬರುವುದಿಲ್ಲ. ಈ ಕೊರತೆಯನ್ನು ನೀಗಿಸಲು ಕೇಂದ್ರ ರಸ್ತೆ ಸಾರಿಗೆ ಸಚಿವಾಲಯವು ಡಿಸೆಂಬರ್ 2022ರಲ್ಲಿ ಕೇಂದ್ರ ಮೋಟಾರು ವಾಹನ ನಿಯಮಗಳಿಗೆ ತಿದ್ದುಪಡಿ ತಂದಿತು. 1 ಏಪ್ರಿಲ್ 2023ರಿಂದ ಜಾರಿಗೆ ಬಂದ ಈ ನಿಯಮದಂತೆ ಬಳಸಿದ ವಾಹನಗಳ ವ್ಯಾಪಾರಿಗಳು ಅಧಿಕೃತತೆಯ ಪ್ರಮಾಣಪತ್ರ ಪಡೆಯಬೇಕು. ಮಾಲೀಕರು ವಾಹನವನ್ನು ಅಂತಹ ವ್ಯಾಪಾರಿಗೆ ಒಪ್ಪಿಸಿದ ವಿಷಯವನ್ನು ನೋಂದಣಿ ಪ್ರಾಧಿಕಾರಕ್ಕೆ ತಿಳಿಸಿದರೆ, ವಾಹನ ವ್ಯಾಪಾರಿಯ ವಶದಲ್ಲಿರುವಷ್ಟು ಕಾಲ ಹೊಣೆ ವ್ಯಾಪಾರಿಯದಾಗುತ್ತದೆ.

## ತಪಾಸಣೆ

ಕಾರನ್ನು ಹಗಲಿನಲ್ಲಿ, ಎಂಜಿನ್ ತಣ್ಣಗಿರುವಾಗ ನೋಡುವುದು ಒಳ್ಳೆಯದು. ಮೊದಲೇ ಬಿಸಿ ಮಾಡಿಟ್ಟ ಎಂಜಿನ್ನಿನಲ್ಲಿ ಸ್ಟಾರ್ಟಿಂಗ್ ತೊಂದರೆ ಮತ್ತು ಹೊಗೆ ಗೊತ್ತಾಗುವುದಿಲ್ಲ. ಗಮನಿಸಬೇಕಾದ ಮುಖ್ಯ ಅಂಶಗಳು ಹೀಗಿವೆ:

- ಓಡಿದ ದೂರ: ಮೀಟರಿನ ಅಂಕಿಯನ್ನು ಸರ್ವಿಸ್ ದಾಖಲೆಯೊಂದಿಗೆ ಹೋಲಿಸಬೇಕು. ಪೆಡಲ್, ಸ್ಟಿಯರಿಂಗ್ ಮತ್ತು ಚಾಲಕನ ಆಸನದ ಸವೆತ ಅಂಕಿಗೆ ಹೊಂದಬೇಕು.
- ಟೈರ್: ಟೈರಿನ ಬದಿಯಲ್ಲಿರುವ ನಾಲ್ಕು ಅಂಕಿಗಳಲ್ಲಿ ಮೊದಲ ಎರಡು ತಯಾರಾದ ವಾರವನ್ನು, ಕೊನೆಯ ಎರಡು ವರ್ಷವನ್ನು ಸೂಚಿಸುತ್ತವೆ.
- ಅಪಘಾತದ ಗುರುತು: ಬಾನೆಟ್ ಮತ್ತು ಬಾಗಿಲುಗಳ ಬೋಲ್ಟ್ ಮೇಲಿನ ಬಣ್ಣ ಕಿತ್ತಿರುವುದು, ಬಾಗಿಲ ಸಂದುಗಳು ಸಮವಾಗಿಲ್ಲದಿರುವುದು, ಮುಂಭಾಗದ ಚಾಸಿ ತೊಲೆಗಳಲ್ಲಿ ವೆಲ್ಡಿಂಗ್ ಗುರುತು.
- ನೀರಿನಲ್ಲಿ ಮುಳುಗಿದ ಗುರುತು: ನೆಲಹಾಸಿನ ಕೆಳಗೆ ಕೆಸರು, ಸೀಟಿನ ಹಳಿಗಳಲ್ಲಿ ತುಕ್ಕು, ಸೀಟ್ ಬೆಲ್ಟ್ ಪೂರ್ತಿ ಎಳೆದಾಗ ಕಾಣುವ ಕಲೆ, ಮುಗ್ಗಲು ವಾಸನೆ. 2015ರ ಚೆನ್ನೈ ಪ್ರವಾಹ ಮತ್ತು 2022ರ ಬೆಂಗಳೂರು ಪ್ರವಾಹದಲ್ಲಿ ಅನೇಕ ಕಾರುಗಳು ಮುಳುಗಿದ್ದವು. ಇಂತಹ ಕಾರು ಕೆಲವು ತಿಂಗಳು ಚೆನ್ನಾಗಿ ಓಡಿ, ಬಳಿಕ ವಿದ್ಯುತ್ ಜೋಡಣೆಗಳಲ್ಲಿ ಕೆಡಬಹುದು.
- ಏರ್‌ಬ್ಯಾಗ್ ದೀಪ: ಕೀಲಿ ತಿರುಗಿಸಿದಾಗ ಹೊತ್ತಿ ಕೆಲವು ಕ್ಷಣಗಳಲ್ಲಿ ಆರಬೇಕು. ಹೊತ್ತದೆಯೇ ಇದ್ದರೆ ದೀಪವನ್ನು ಕಿತ್ತಿರುವ ಅನುಮಾನವಿದೆ.
- ಟೈಮಿಂಗ್ ಬೆಲ್ಟ್: ಡಸ್ಟರ್‌ನ 1.5 ಲೀಟರ್ ಡೀಸೆಲ್ ಎಂಜಿನ್ನಿನಲ್ಲಿ ಚೈನಿನ ಬದಲು ಬೆಲ್ಟ್ ಇದೆ. ಅದನ್ನು ಯಾವಾಗ ಬದಲಿಸಲಾಗಿದೆ ಎಂಬುದಕ್ಕೆ ರಸೀದಿ ಕೇಳಬೇಕು. ಓಡುವಾಗ ಬೆಲ್ಟ್ ಹರಿದರೆ ಎಂಜಿನ್ ಹಾಳಾಗುತ್ತದೆ.

ನಂಬಿಗಸ್ತ ಮೆಕ್ಯಾನಿಕ್ ಒಬ್ಬರನ್ನು ಜೊತೆಗೆ ಕರೆದುಕೊಂಡು ಹೋಗುವುದು, ಸಾಧ್ಯವಾದರೆ ಹೊಸಪೇಟೆ ಅಥವಾ ಹುಬ್ಬಳ್ಳಿಯಂತಹ ಊರಿನ ಅಧಿಕೃತ ಸರ್ವಿಸ್ ಕೇಂದ್ರದಲ್ಲಿ ಕಂಪ್ಯೂಟರ್ ಪರೀಕ್ಷೆ ಮಾಡಿಸುವುದು ಒಳಿತು.

## ದಾಖಲೆಗಳು ಮತ್ತು ಮಾಲೀಕತ್ವದ ವರ್ಗಾವಣೆ

ಮುಂಗಡ ಕೊಡುವ ಮೊದಲೇ ನೋಂದಣಿ ಪತ್ರದಲ್ಲಿರುವ ಚಾಸಿ ಮತ್ತು ಎಂಜಿನ್ ಸಂಖ್ಯೆಗಳನ್ನು ವಾಹನದ ಮೇಲಿನ ಸಂಖ್ಯೆಗಳೊಂದಿಗೆ ಹೋಲಿಸಬೇಕು. ಪರಿವಾಹನ್ ಜಾಲತಾಣ ಅಥವಾ ಎಂ-ಪರಿವಾಹನ್ ಆ್ಯಪ್‌ನಲ್ಲಿ ವಿಮೆ, ಸಾಲದ ನಮೂದು ಹಾಗೂ ನೋಂದಣಿಯ ಅವಧಿಯನ್ನು ನೋಡಬಹುದು. ಬಾಕಿ ಇರುವ ಸಂಚಾರ ದಂಡಗಳನ್ನೂ ಪರಿಶೀಲಿಸಬೇಕು.

ಮೋಟಾರು ವಾಹನ ಕಾಯ್ದೆ, 1988ರ 50ನೆಯ ವಿಭಾಗದಂತೆ ಒಂದೇ ರಾಜ್ಯದೊಳಗಿನ ಮಾರಾಟವನ್ನು ಮಾರಿದವರು 14 ದಿನಗಳಲ್ಲಿ, ಕೊಂಡವರು 30 ದಿನಗಳಲ್ಲಿ ನೋಂದಣಿ ಪ್ರಾಧಿಕಾರಕ್ಕೆ ತಿಳಿಸಬೇಕು. ಇದಕ್ಕೆ ನಮೂನೆ 29 ಮತ್ತು ನಮೂನೆ 30 ಬಳಕೆಯಾಗುತ್ತವೆ. ವಾಹನದ ಮೇಲೆ ಸಾಲವಿದ್ದರೆ ಬ್ಯಾಂಕಿನ ಬೇಬಾಕಿ ಪತ್ರ ಹಾಗೂ ನಮೂನೆ 35 ಬೇಕು. ಹೊರರಾಜ್ಯದ ವಾಹನಕ್ಕೆ ನಮೂನೆ 28ರ ನಿರಾಕ್ಷೇಪಣಾ ಪತ್ರ ಅಗತ್ಯ. ಮಾಲೀಕರು ತೀರಿಕೊಂಡಿದ್ದರೆ ಉತ್ತರಾಧಿಕಾರಿಯು ನಮೂನೆ 31ರಲ್ಲಿ ಮೊದಲು ತನ್ನ ಹೆಸರಿಗೆ ಮಾಡಿಸಿಕೊಳ್ಳಬೇಕು. ತೀರಿಕೊಂಡವರ ಹೆಸರಿನಲ್ಲಿರುವ ಕಾರನ್ನು ಮನೆಯವರ ಮಾತಿನ ಮೇಲೆ ಕೊಂಡರೆ ವರ್ಗಾವಣೆ ಅಲ್ಲಿಯೇ ನಿಲ್ಲುತ್ತದೆ.

### ನವೀನ್ ಕುಮಾರ್ ಮತ್ತು ವಿಜಯ್ ಕುಮಾರ್ ಪ್ರಕರಣ

ವರ್ಗಾವಣೆ ತಡವಾದರೆ ಆಗುವ ಪರಿಣಾಮವನ್ನು ಸುಪ್ರೀಂ ಕೋರ್ಟ್ 6 ಫೆಬ್ರವರಿ 2018ರಂದು ನೀಡಿದ ತೀರ್ಪು ತೋರಿಸುತ್ತದೆ. ಈ ಪ್ರಕರಣದಲ್ಲಿ ಕಾರೊಂದು ಮೊದಲ ಮಾಲೀಕರಿಂದ ಒಬ್ಬರ ನಂತರ ಒಬ್ಬರಂತೆ ಹಲವರ ಕೈಗೆ ದಾಟಿತ್ತು. ನೋಂದಣಿ ಮಾತ್ರ ಮೊದಲಿನವರ ಹೆಸರಿನಲ್ಲಿಯೇ ಇತ್ತು. 2009ರಲ್ಲಿ ಆ ಕಾರಿನಿಂದ ಅಪಘಾತ ಸಂಭವಿಸಿ ಜೀವಹಾನಿಯಾಯಿತು. ಕಾರಿಗೆ ವಿಮೆ ಇರಲಿಲ್ಲ. ಕಾಯ್ದೆಯ 2(30)ನೆಯ ವಿಭಾಗದ ಪ್ರಕಾರ ಯಾರ ಹೆಸರಿನಲ್ಲಿ ವಾಹನ ನೋಂದಣಿಯಾಗಿದೆಯೋ ಅವರೇ ಮಾಲೀಕರು, ಆದ್ದರಿಂದ ಪರಿಹಾರ ಕೊಡುವ ಹೊಣೆಯೂ ಅವರದೇ ಎಂದು ನ್ಯಾಯಾಲಯ ಹೇಳಿತು. ಅಪಘಾತದ ಸಂತ್ರಸ್ತರು ಮಾರಾಟದ ಸರಪಳಿಯನ್ನು ಹುಡುಕಿಕೊಂಡು ಅಲೆಯುವಂತಾಗಬಾರದು ಎಂಬುದು ಇದರ ಹಿಂದಿನ ತರ್ಕ. ವರ್ಷಗಳ ಹಿಂದೆ ಕಾರು ಮಾರಿ ಮರೆತ ಕುಟುಂಬಕ್ಕೂ ಹೀಗೆ ನೋಟಿಸು ಬರಬಹುದು.

## ವಿಮೆ

ಕಾಯ್ದೆಯ 157ನೆಯ ವಿಭಾಗದಂತೆ ವಾಹನ ಮಾರಾಟವಾದಾಗ ವಿಮೆಯೂ ಕೊಂಡವರಿಗೆ ವರ್ಗವಾದಂತೆ ಭಾವಿಸಲಾಗುತ್ತದೆ. ಆದರೂ ಕೊಂಡವರು 14 ದಿನಗಳಲ್ಲಿ ಹೆಸರು ಬದಲಾವಣೆಗೆ ಅರ್ಜಿ ಕೊಡಬೇಕು. ಈ ಭಾವಿತ ವರ್ಗಾವಣೆ ಮೂರನೆಯವರಿಗೆ ಆಗುವ ಹಾನಿಗೆ ಮಾತ್ರ ಅನ್ವಯಿಸುತ್ತದೆ ಎಂದು ಸುಪ್ರೀಂ ಕೋರ್ಟ್ 1996ರಲ್ಲಿ ಸ್ಪಷ್ಟಪಡಿಸಿದೆ. ಹೆಸರು ಬದಲಾಗದ ವಿಮೆಯಲ್ಲಿ ಸ್ವಂತ ಕಾರಿನ ನಷ್ಟಕ್ಕೆ ಪರಿಹಾರ ಸಿಗದೆ ಹೋಗಬಹುದು.

1 ಸೆಪ್ಟೆಂಬರ್ 2018ರಿಂದ ಹೊಸ ಕಾರುಗಳಿಗೆ ಮೂರು ವರ್ಷಗಳ ‘ಥರ್ಡ್ ಪಾರ್ಟಿ’ ವಿಮೆ ಕಡ್ಡಾಯವಾಗಿದೆ. ಇದರಿಂದ ವಿಮೆ ಚಾಲ್ತಿಯಲ್ಲಿದೆ ಎಂದು ಕಂಡರೂ ಸ್ವಂತ ಹಾನಿಯ ಭಾಗ ಮುಗಿದಿರಬಹುದು. ಎರಡೂ ದಿನಾಂಕಗಳನ್ನು ಬೇರೆ ಬೇರೆಯಾಗಿ ನೋಡಬೇಕು. ಕ್ಲೇಮ್ ಮಾಡದ ವರ್ಷಗಳಿಗೆ ಸಿಗುವ ರಿಯಾಯಿತಿ ವ್ಯಕ್ತಿಗೆ ಸೇರಿದ್ದು. ಅದು ಕಾರಿನೊಂದಿಗೆ ಕೊಂಡವರಿಗೆ ಬರುವುದಿಲ್ಲ.

## ತೆರಿಗೆ ಮತ್ತು ಹೊರರಾಜ್ಯದ ವಾಹನಗಳು

ಕರ್ನಾಟಕ ಮೋಟಾರು ವಾಹನ ತೆರಿಗೆ ಕಾಯ್ದೆ, 1957ರಂತೆ ಕಾರುಗಳಿಗೆ ಜೀವಾವಧಿ ತೆರಿಗೆ ಇದೆ. ರಾಜ್ಯದಲ್ಲಿ ನೋಂದಣಿಯಾಗಿ ಈ ತೆರಿಗೆ ಕಟ್ಟಿರುವ ಕಾರನ್ನು ಕೊಂಡರೆ ಅದನ್ನು ಮತ್ತೆ ಕಟ್ಟಬೇಕಿಲ್ಲ. ಹೊರರಾಜ್ಯದ ಕಾರನ್ನು 12 ತಿಂಗಳಿಗಿಂತ ಹೆಚ್ಚು ಕಾಲ ಇಲ್ಲಿ ಇಟ್ಟುಕೊಂಡರೆ ಮರುನೋಂದಣಿ ಮಾಡಿಸಿ, ಅದರ ವಯಸ್ಸಿಗೆ ಅನುಗುಣವಾದ ತೆರಿಗೆ ಕಟ್ಟಬೇಕಾಗುತ್ತದೆ.

ದೆಹಲಿಯಲ್ಲಿ ಹತ್ತು ವರ್ಷ ಮೀರಿದ ಡೀಸೆಲ್ ವಾಹನಗಳ ಮೇಲೆ ಹಸಿರು ನ್ಯಾಯಮಂಡಳಿ 2015ರಲ್ಲಿ ನಿರ್ಬಂಧ ಹೇರಿತು. 2018ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಅದರಿಂದ ಅಲ್ಲಿನ ಹಳೆಯ ಡೀಸೆಲ್ ಕಾರುಗಳು ಕಡಿಮೆ ಬೆಲೆಗೆ ಬೇರೆ ರಾಜ್ಯಗಳತ್ತ ಸಾಗಿದವು. ಇವುಗಳ ಬೆಲೆಗೆ ಕರ್ನಾಟಕದ ತೆರಿಗೆ, ಸಾಗಣೆ ಮತ್ತು ಮರುನೋಂದಣಿಯ ವೆಚ್ಚವನ್ನು ಸೇರಿಸಿದರೆ ಉಳಿತಾಯ ಬಹುಮಟ್ಟಿಗೆ ಕರಗುತ್ತದೆ.

## ನಿರ್ವಹಣೆ

ಧೂಳು ಹೆಚ್ಚಿರುವ ಪ್ರದೇಶದಲ್ಲಿ ಗಾಳಿ ಶೋಧಕ ಮತ್ತು ಎ.ಸಿ. ಶೋಧಕಗಳನ್ನು ಕೈಪಿಡಿಯ ಅವಧಿಗಿಂತ ಮೊದಲೇ ಬದಲಿಸಬೇಕಾಗುತ್ತದೆ. ಭತ್ತದ ಸುಗ್ಗಿಯಲ್ಲಿ ಹೊಟ್ಟು ಮತ್ತು ಹುಲ್ಲಿನ ಚೂರುಗಳು ರೇಡಿಯೇಟರ್ ಜಾಲರಿಯಲ್ಲಿ ಸಿಕ್ಕಿಕೊಂಡು ಎಂಜಿನ್ ಬಿಸಿಯಾಗಬಹುದು. ಧಾನ್ಯದ ಚೀಲಗಳಿರುವ ಜಾಗದ ಬಳಿ ಕಾರು ನಿಲ್ಲಿಸಿದರೆ ಇಲಿಗಳು ವೈರುಗಳನ್ನು ಕಡಿಯುತ್ತವೆ.

ಭಾರತ್ ಸ್ಟೇಜ್ 6 ಡೀಸೆಲ್ ಕಾರುಗಳಲ್ಲಿ ಹೊಗೆಯ ಮಸಿ ಹಿಡಿಯುವ ಶೋಧಕವಿರುತ್ತದೆ. ಅದು ಹೆಚ್ಚಿನ ಉಷ್ಣತೆಯಲ್ಲಿ ಮಸಿಯನ್ನು ಸುಟ್ಟು ತನ್ನನ್ನು ತಾನೇ ಸ್ವಚ್ಛಗೊಳಿಸಿಕೊಳ್ಳುತ್ತದೆ. ಊರೊಳಗೆ ಎರಡು ಮೂರು ಕಿಲೋಮೀಟರ್ ಮಾತ್ರ ಓಡಿಸುವವರಲ್ಲಿ ಈ ಶೋಧಕ ಕಟ್ಟಿಕೊಳ್ಳುತ್ತದೆ. ಅಂತಹ ಬಳಕೆಗೆ ಪೆಟ್ರೋಲ್ ಕಾರು ಸೂಕ್ತ; ಡೀಸೆಲ್ ಇದ್ದರೆ ಆಗಾಗ್ಗೆ ಹೆದ್ದಾರಿಯಲ್ಲಿ ಸ್ಥಿರ ವೇಗದಲ್ಲಿ ಓಡಿಸಬೇಕು. ಶೇ. 20 ಎಥೆನಾಲ್ ಬೆರೆಸಿದ ಪೆಟ್ರೋಲ್ ಈಗ ವ್ಯಾಪಕವಾಗಿರುವುದರಿಂದ, ಏಪ್ರಿಲ್ 2023ಕ್ಕಿಂತ ಹಿಂದಿನ ಪೆಟ್ರೋಲ್ ಕಾರಿನ ಕೈಪಿಡಿಯಲ್ಲಿ ಎಷ್ಟು ಎಥೆನಾಲಿಗೆ ಅನುಮತಿ ಇದೆ ಎಂದು ನೋಡಬೇಕು.

## ನೋಂದಣಿಯ ಅವಧಿ ಮತ್ತು ಮರುಮಾರಾಟ

ಖಾಸಗಿ ಕಾರಿನ ಮೊದಲ ನೋಂದಣಿ 15 ವರ್ಷಗಳ ಅವಧಿಯದು. ಬಳಿಕ ಯೋಗ್ಯತಾ ಪರೀಕ್ಷೆಯಲ್ಲಿ ಪಾಸಾದರೆ ಐದು ವರ್ಷಗಳಿಗೊಮ್ಮೆ ನವೀಕರಿಸಬಹುದು. ಏಪ್ರಿಲ್ 2022ರಲ್ಲಿ ಈ ನವೀಕರಣದ ಶುಲ್ಕವನ್ನು 600 ರೂಪಾಯಿಯಿಂದ 5,000 ರೂಪಾಯಿಗೆ ಏರಿಸಲಾಯಿತು. 2012ರ ಡಸ್ಟರ್ ಕಾರುಗಳು 2027ರಲ್ಲಿ ಈ ಹಂತ ತಲುಪುತ್ತವೆ. ಅಂತಹ ಕಾರು ಕೊಳ್ಳುವವರು ಉಳಿದ ಅವಧಿಯನ್ನು ಬೆಲೆಯಲ್ಲಿ ಲೆಕ್ಕ ಹಿಡಿಯಬೇಕು.

ಮುಂದೆ ಮಾರುವಾಗ ಸರ್ವಿಸ್ ರಸೀದಿಗಳು, ಎರಡೂ ಕೀಲಿಕೈಗಳು ಮತ್ತು ಚಾಲ್ತಿಯಲ್ಲಿರುವ ವಿಮೆ ಇದ್ದರೆ ಉತ್ತಮ ಬೆಲೆ ಸಿಗುತ್ತದೆ. ಮಾರಿದ ದಿನಾಂಕ ಮತ್ತು ಸಮಯವನ್ನು ಬರೆದ ವಿತರಣಾ ಪತ್ರಕ್ಕೆ ಇಬ್ಬರೂ ಸಹಿ ಮಾಡಿ ಪ್ರತಿ ಇಟ್ಟುಕೊಳ್ಳುವುದು, ಫಾಸ್ಟ್ಯಾಗ್ ಖಾತೆಯನ್ನು ಮುಚ್ಚುವುದು ಹಾಗೂ ಹೊಸ ನೋಂದಣಿ ಪತ್ರದಲ್ಲಿ ಕೊಂಡವರ ಹೆಸರು ಬಂದುದನ್ನು ಪರಿವಾಹನ್ ತಾಣದಲ್ಲಿ ಖಚಿತಪಡಿಸಿಕೊಳ್ಳುವುದು ಮಾರುವವರ ಕೊನೆಯ ಕೆಲಸಗಳಾಗಿವೆ.